ಸೂತಕ ಕಳೆದ ಮೇಲೆ

ಸಾವಿನ ಮನೆಯಲ್ಲಿ ಹಣದ ಮಾತನ್ನೆತ್ತುವುದು ಅನುಚಿತವೆಂಬ ಭಾವನೆ ನಮ್ಮವರಲ್ಲಿ ಬಹುಕಾಲದಿಂದ ಬೇರೂರಿದೆ. ಹದಿಮೂರು ದಿನಗಳ ಮಟ್ಟಿಗೆ ಈ ಸಂಕೋಚವು ಶೋಭಿಸುವುದು. ಅದೇ ಸಂಕೋಚವು ವರ್ಷಗಟ್ಟಲೆ ಬೆಳೆದರೆ, ಮೃತನು ದುಡಿದು ಹೆಂಡಿರುಮಕ್ಕಳಿಗೆಂದು ಉಳಿಸಿಹೋದ ಹಕ್ಕೇ ಕ್ಷಯಿಸುವುದು. ಈ ವಿಷಯದಲ್ಲಿ ನಮಗೆ ತಿಳಿದ ನಾಲ್ಕು ಮಾತುಗಳನ್ನು ವಾಚಕರ ಮುಂದಿಡುವೆವು.

ನಾವು ಉಪಾಧ್ಯಾಯವೃತ್ತಿಯಿಂದ ನಿವೃತ್ತರಾದ ಬಳಿಕ ನೆರೆಹೊರೆಯವರು ಕಾಗದಪತ್ರಗಳನ್ನು ಓದಿಸಿಕೊಳ್ಳಲು ನಮ್ಮಲ್ಲಿಗೆ ಬರುವುದುಂಟು. ಅವರಲ್ಲಿ ಒಬ್ಬ ತಾಯಿ. ಆಕೆಯ ಪತಿ ಸರಕಾರಿ ಕಛೇರಿಯೊಂದರಲ್ಲಿ ಜವಾನರಾಗಿದ್ದು, ಸೇವೆಯಲ್ಲಿರುವಾಗಲೇ ತೀರಿಕೊಂಡರು. ಸೇವಾಪುಸ್ತಕವು ಸಿಕ್ಕುತ್ತಿಲ್ಲವೆಂಬ ಒಂದೇ ಉತ್ತರದಿಂದ ಕುಟುಂಬ ಪಿಂಚಣಿ ನಿಂತಿತು. ಆಕೆ ವರ್ಷಕ್ಕೊಂದು ಅರ್ಜಿ ಕೊಡುತ್ತ, "ಅರ್ಜಿ ಕೊಟ್ಟಿದ್ದೇನಲ್ಲ ಮೇಷ್ಟರೆ, ಹಕ್ಕು ಎಲ್ಲಿಗೆ ಹೋದೀತು?" ಎನ್ನುತ್ತಿದ್ದರು. ಹನ್ನೊಂದು ವರ್ಷಗಳಾದ ಮೇಲೆ ನ್ಯಾಯಾಲಯದ ಮೆಟ್ಟಿಲೇರಿದಾಗ ಪಿಂಚಣಿಯೇನೋ ದೊರೆಯಿತು; ಬಾಕಿ ಹಣ ಮಾತ್ರ ಮೂರೇ ವರ್ಷಗಳದ್ದು. ಎಂಟು ವರ್ಷಗಳ ಅನ್ನವು ಕಾಲದ ಪಾಲಾಯಿತು.

ಈ ಲೆಕ್ಕಕ್ಕೆ ಆಧಾರವುಂಟು. 1983ರಲ್ಲಿ ಅನಾರೋಗ್ಯದ ಕಾರಣ ಸೇನೆಯಿಂದ ಬಿಡುಗಡೆಯಾದ ಸೈನಿಕನೊಬ್ಬನು ಅಂಗವೈಕಲ್ಯದ ಪಿಂಚಣಿಗಾಗಿ 1999ರಲ್ಲಿ ನ್ಯಾಯಾಲಯಕ್ಕೆ ಬಂದನು. 2008ರಲ್ಲಿ ಸರ್ವೋಚ್ಚ ನ್ಯಾಯಾಲಯವು ಆ ಮೊಕದ್ದಮೆಯಲ್ಲಿ ಹೀಗೆ ನಿರ್ಣಯಿಸಿತು: ಪಿಂಚಣಿಯು ತಿಂಗಳು ತಿಂಗಳಿಗೆ ಸಲ್ಲತಕ್ಕದ್ದು, ಸಲ್ಲದಿದ್ದರೆ ಅನ್ಯಾಯವೂ ತಿಂಗಳು ತಿಂಗಳಿಗೆ ಮುಂದುವರಿಯುತ್ತದೆ, ಆದಕಾರಣ ವಿಳಂಬದಿಂದಲೇ ಹಕ್ಕು ಸಾಯದು. ಹಿಂದಿನ ಬಾಕಿಯಾದರೋ ಸಾಮಾನ್ಯವಾಗಿ ನ್ಯಾಯಾಲಯಕ್ಕೆ ಬರುವುದಕ್ಕೆ ಮುಂಚಿನ ಮೂರು ವರ್ಷಗಳಿಗೆ ಮಿತವಾದದ್ದು. ಹೊಳೆ ಬತ್ತದು, ಹರಿದುಹೋದ ನೀರು ಹಿಂದಕ್ಕೆ ಬಾರದು. ಬರಿಯ ಅರ್ಜಿಗಳನ್ನು ಮೇಲಿಂದ ಮೇಲೆ ಕೊಡುವುದರಿಂದ ಹಳಸಿದ ಹಕ್ಕು ಹೊಸದಾಗುವುದಿಲ್ಲವೆಂದೂ ಅದೇ ವರ್ಷ ಬೇರೊಂದು ಮೊಕದ್ದಮೆಯಲ್ಲಿ ಆ ನ್ಯಾಯಾಲಯವು ಹೇಳಿತು.

ಅನುಕಂಪದ ಆಧಾರದ ನೌಕರಿಯ ವಿಷಯದಲ್ಲಿ ಕಾಲವು ಇನ್ನೂ ನಿಷ್ಠುರ. ಕರ್ನಾಟಕದ 1996ರ ನಿಯಮಗಳು ಮರಣದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಬೇಕೆನ್ನುತ್ತವೆ. ಇಂತಹ ನೌಕರಿಯು ಒಡನೆ ಬಂದ ಆಪತ್ತನ್ನು ದಾಟಿಸುವುದಕ್ಕೆ ಮಾತ್ರ, ಬಹುಕಾಲ ಕಳೆದ ಮೇಲೆ ಕೇಳಲಾಗದೆಂದು 1994ರಲ್ಲಿ ಸರ್ವೋಚ್ಚ ನ್ಯಾಯಾಲಯವು ತಿಳಿಸಿತು. ತರ್ಕವು ಸರಿಯೆ, ಆದರೂ ಅರೆಹೊಟ್ಟೆಯಲ್ಲಿ ದಿನ ನೂಕಿದವರಿಗೆ "ಬದುಕಿದಿರಲ್ಲ, ಇನ್ನೇನು ಆಪತ್ತು?" ಎಂದಂತೆ ಕೇಳಿಸುತ್ತದೆ.

ಈ ವಿಚಾರವು ಸ್ಮೃತಿಕಾರರಿಗೂ ಹೊಸದಲ್ಲ. ಒಡೆಯನು ನೋಡುತ್ತಲೇ ಹತ್ತು ವರ್ಷ ಮೌನವಾಗಿದ್ದರೆ, ಅನುಭವಿಸುತ್ತಿರುವ ಪರರಿಗೇ ಸ್ವತ್ತು ಸೇರುವುದೆಂದು ಮನುಸ್ಮೃತಿಯು ವಿಧಿಸುತ್ತದೆ. ಬಾಲಕರ ಧನಕ್ಕೂ ನಂಬಿ ಇರಿಸಿದ ನಿಕ್ಷೇಪಕ್ಕೂ ಈ ನಿಯಮವು ತಗಲದೆಂದೂ ಹೇಳುತ್ತದೆ. ಬಾಲಕರ ಮಾತನ್ನು ಇಂದಿನ ಕಾಯಿದೆಯೂ ಮನ್ನಿಸಿದೆ. 1963ರ ಕಾಲಮಿತಿ ಕಾಯಿದೆಯು ಅವರ ದಾವೆಗೆ ಪ್ರಾಪ್ತವಯಸ್ಸಿನವರೆಗೆ ಕಾಲವನ್ನೆಣಿಸುವುದಿಲ್ಲ. ನಿಕ್ಷೇಪದ ಮಾತೇನು? ಪಿಂಚಣಿಯು ಸರಕಾರದ ದಾನವಲ್ಲ, ಸಲ್ಲಿಸಿದ ಸೇವೆಗೆ ಸಲ್ಲತಕ್ಕ ಹಕ್ಕು ಎಂದು 1982ರಲ್ಲಿ ಸರ್ವೋಚ್ಚ ನ್ಯಾಯಾಲಯವೇ ಸಾರಿದ ಮೇಲೆ, ಕಛೇರಿಯ ಕೈಯಲ್ಲಿರುವುದು ಮೃತನ ನಿಕ್ಷೇಪವೇ ಅಲ್ಲವೆ? ಸೇವಾಪುಸ್ತಕವನ್ನು ಕಳೆದವರು ಒಬ್ಬರು, ಕಳೆದ ಕಾಲಕ್ಕೆ ದಂಡ ತೆತ್ತವರು ಇನ್ನೊಬ್ಬರು. ಇದು ಧರ್ಮವೆಂದು ನಮಗೆ ತೋರದು.

ಆದರೂ ಕಾಲವು ನಮ್ಮ ಅಭಿಪ್ರಾಯವನ್ನು ಕಾಯದು. ಆದುದರಿಂದ ಗೃಹಸ್ಥರಲ್ಲಿ ನಮ್ಮ ವಿಜ್ಞಾಪನೆಯಿಷ್ಟೆ. ಬದುಕಿರುವಾಗಲೇ ನಾಮನಿರ್ದೇಶನವನ್ನು ಸರಿಪಡಿಸಿ, ಸೇವೆಯ ಕಾಗದಗಳಿರುವ ಸ್ಥಳವನ್ನು ಮನೆಯವರಿಗೆ ತಿಳಿಸಿರಿ. ಸೂತಕ ಕಳೆದ ಕೂಡಲೆ ಮನೆಯ ಹಿರಿಯರೊಬ್ಬರು ಮರಣಪತ್ರವನ್ನು ಪಡೆದು ಅರ್ಜಿಯನ್ನು ಸಲ್ಲಿಸಲಿ. ಕಛೇರಿಯ ಮೊಹರಿರುವ ಸ್ವೀಕೃತಿಯಿಲ್ಲದೆ ಹಿಂದಿರುಗದಿರಲಿ. ಉತ್ತರ ಬಾರದಿದ್ದರೆ ಎರಡನೆಯ ಅರ್ಜಿಯ ಬದಲು ವಕೀಲರನ್ನು ಕಾಣಿರಿ. ಹಣವಿಲ್ಲವೆಂದು ಅಂಜಬೇಕಾದ್ದಿಲ್ಲ, 1987ರ ಕಾನೂನು ಸೇವೆಗಳ ಕಾಯಿದೆಯಂತೆ ಸ್ತ್ರೀಯರಿಗೆ ಆದಾಯವನ್ನೆಣಿಸದೆ ಉಚಿತ ನೆರವುಂಟು, ತಾಲ್ಲೂಕಿನ ಕಾನೂನು ಸೇವಾ ಸಮಿತಿಯಲ್ಲಿ ವಿಚಾರಿಸಬಹುದು. ಇದರಲ್ಲಿ ಲೋಭವೇನೂ ಇಲ್ಲ. ಹೋದವರು ದುಡಿದದ್ದು ಇರುವವರ ಊಟಕ್ಕಾಗಿ.