ಪಾಲೆ ಹೂವಿನ ಗಂಧ

ಕಾಲವನ್ನು ಹಿಂದಕ್ಕೆ ತಿರುಗಿಸುವ ಗಂಧವೊಂದು ಎಲ್ಲಿಯೋ ಇದೆಯೆಂದು ಮಾಯಾಕಥೆಗಳು ಹೇಳುತ್ತವೆ. ಅದನ್ನು ಆಘ್ರಾಣಿಸಿದವನಿಗೆ ಕ್ಷಣವು ಯುಗವಾಗುತ್ತದೆ, ಯುಗವು ಕ್ಷಣವಾಗುತ್ತದೆ. ಅಂತಹ ಗಂಧವನ್ನು ಅರಸಿ ಬೋವಿಕಾನದವರಾದ ನಾವು ದೂರದ ದೇಶಗಳ ಗ್ರಂಥಗಳನ್ನು ತೆರೆಯಬೇಕಾಗಿಲ್ಲ. ಚೆರ್ಕಳದಿಂದ ಜಾಲ್ಸೂರಿಗೆ ಹೋಗುವ ದಾರಿಯಲ್ಲಿರುವ ನಮ್ಮ ಈ ಚಿಕ್ಕ ಪೇಟೆಯ ಸುತ್ತಣ ಗುಡ್ಡ ತೋಟಗಳಿಂದ, ಮಳೆ ಹಿಂದೆಗೆದ ತುಲಾ ಮಾಸದ ರಾತ್ರಿಗಳಲ್ಲಿ, ಅದು ತಾನಾಗಿಯೇ ಬಂದು ಜಗಲಿಯನ್ನೇರುತ್ತದೆ. ಅದು ಪಾಲೆ ಹೂವಿನ ಗಂಧ.

ಹಗಲಿನಲ್ಲಿ ಆ ಮರ ಯಾರ ಗಮನವನ್ನೂ ಸೆಳೆಯದು. ಒಂದು ಗಿಣ್ಣಿನಲ್ಲಿ ಸಾಮಾನ್ಯವಾಗಿ ಏಳು ಎಲೆಗಳು. ಎಲೆಗಳ ನಡುವೆ ಹಸುರು ಬೆರೆತ ಬಿಳಿಯ ಪುಟ್ಟ ಹೂಗಳ ಗೊಂಚಲು. ಕತ್ತಲಾದ ಮೇಲೆ ಮರ ಕಾಣುವುದಿಲ್ಲ, ಗಂಧ ಮಾತ್ರ ಉಳಿಯುತ್ತದೆ. ಮೂಲ ಕಾಣದ ಗಂಧಕ್ಕೆ ಜನರ ಕಲ್ಪನೆ ಒಡತಿಯೊಬ್ಬಳನ್ನು ಹುಡುಕಿತು. ಪಾಲೆಯ ಮರದಲ್ಲಿ ಯಕ್ಷಿಯನ್ನು ನೆಲೆಗೊಳಿಸಿತು. ನನ್ನ ಅಜ್ಜಿ ಹೇಳುತ್ತಿದ್ದ ಕಥೆಯಲ್ಲಿ, ಗಂಧದ ಬೆನ್ನು ಹಿಡಿದು ಹೋದವನು ಯಕ್ಷಿಯ ಉಪ್ಪರಿಗೆಯಲ್ಲಿ ಒಂದೇ ಇರುಳು ತಂಗುತ್ತಾನೆ. ಬೆಳಗ್ಗೆ ಮರಳಿ ಬಂದರೆ ಊರಿನಲ್ಲಿ ಅವನನ್ನು ಬಲ್ಲವರು ಒಬ್ಬರೂ ಉಳಿದಿರುವುದಿಲ್ಲ.

ಈ ಕಥೆಯನ್ನು ಬರಿಯ ಅಂಜಿಕೆಯೆಂದು ತಳ್ಳಿಹಾಕಲು ನನಗೆ ಮನಸ್ಸು ಬಾರದು. ಗಂಧಕ್ಕೂ ಕಾಲಕ್ಕೂ ಇರುವ ನಂಟನ್ನು ಮನುಷ್ಯನು ಬಹು ಹಿಂದೆಯೇ ಅರಿತಿದ್ದನು. ಚೀನಾ ಮತ್ತು ಜಪಾನಿನಲ್ಲಿ ಧೂಪ ಉರಿಯುವ ಅಳತೆಯಿಂದ ಹೊತ್ತನ್ನು ಎಣಿಸುವ ಗಡಿಯಾರಗಳಿದ್ದವು. ಕೆಲವದರಲ್ಲಿ ಪರಿಮಳ ಬದಲಾದೊಡನೆ ಹೊತ್ತು ಕಳೆದುದು ಮೂಗಿಗೇ ತಿಳಿಯುತ್ತಿತ್ತು. ಕಾಳಿದಾಸನು 'ರಘುವಂಶ'ದಲ್ಲಿ ಶರದೃತುವನ್ನು ವರ್ಣಿಸುವಾಗ ಇದೇ ಸಪ್ತಪರ್ಣದ ಹೂವಿನ ಗಂಧವನ್ನು ಆನೆಯ ಮದಗಂಧಕ್ಕೆ ಹೋಲಿಸಿದ್ದಾನೆ. ನಮ್ಮ ಹಿರಿಯರಿಗಂತೂ ಅದು ಪಂಚಾಂಗವೇ ಆಗಿತ್ತು. ತುಳುವರ ಬೊಂತೆಲ್ ತಿಂಗಳು, ಮಲಯಾಳಿಗಳ ತುಲಾಂ. ಅದರ ಹತ್ತನೆಯ ದಿನವಾದ ಪತ್ತಾಮುದಯದಿಂದ ಈ ಕಡೆ ತೆಯ್ಯಂಗಳ ಋತು ಮೊದಲಾಗುತ್ತದೆ. ಪಾಲೆ ಹೂಬಿಟ್ಟಿತೆಂದರೆ ದೈವಗಳಿಗೆ ಚೆಂಡೆಯ ಸದ್ದು ಏಳುವ ಕಾಲ ಬಂದಿತೆಂದೇ ಅರ್ಥ.

ಆದರೆ ಈ ಗಂಧ ಹಬ್ಬದ ಸೂಚನೆಯಷ್ಟೇ ಅಲ್ಲ. ಆಟಿ ಅಮಾವಾಸ್ಯೆಯಂದು, ಸೂರ್ಯೋದಯಕ್ಕೆ ಮೊದಲೇ ಪಾಲೆಯ ತೊಗಟೆಯನ್ನು ಕತ್ತಿ ತಾಗಿಸದೆ ಕಲ್ಲಿನಿಂದ ಜಜ್ಜಿ ತೆಗೆದು, ಓಮ, ಕರಿಮೆಣಸು, ಬೆಳ್ಳುಳ್ಳಿ ಸೇರಿಸಿ ಅರೆದು, ಕಾಯಿಸಿದ ಬಿಳಿಕಲ್ಲಿನ ಒಗ್ಗರಣೆ ಕೊಟ್ಟು ಕುಡಿಯುವ ಪದ್ಧತಿ ನಮ್ಮಲ್ಲಿದೆಯಷ್ಟೆ. ಕಹಿಯ ಬೆನ್ನಿಗೆ ಮೆಂತೆಗಂಜಿ. ಆಟಿಯ ಆ ಹೊತ್ತಿನಲ್ಲಿ ಕತ್ತಲೆ, ಮಳೆ. ಮರದಲ್ಲಿ ಹೂವಿಲ್ಲ, ಗಂಧವಿಲ್ಲ. ಇಂತಹ ಮಬ್ಬಿನಲ್ಲಿ ಪಾಲೆಯೆಂದು ಭ್ರಮಿಸಿ ಕಾಸರಕದ ತೊಗಟೆಯನ್ನು ತಂದರೆ ಪ್ರಾಣಕ್ಕೇ ಎರವಾಗುತ್ತದೆ, ಏಕೆಂದರೆ ಅದರಲ್ಲಿ ಸ್ಟ್ರಿಕ್ನಿನ್ ಎಂಬ ಘೋರ ವಿಷವಿದೆ. ಹಾಗೆ ಜೀವ ಕಳೆದುಕೊಂಡವರ ವಾರ್ತೆಗಳು ಕರಾವಳಿಯ ಪತ್ರಿಕೆಗಳಲ್ಲಿ ಬಂದಿವೆ. ನಮ್ಮ ಕಾಸರಗೋಡಿಗೆ ಕಾಸರಕದಿಂದಲೇ ಆ ಹೆಸರು ಬಂದಿತೆಂಬ ಅಭಿಪ್ರಾಯವೂ ಇದೆ. ಎಂದಮೇಲೆ ಆ ಮರ ಇಲ್ಲಿ ಅಪರೂಪವಲ್ಲ.

ನಮ್ಮ ಮನೆಯಲ್ಲಿ ಇದಕ್ಕೊಂದು ಕ್ರಮವಿತ್ತು. ಅಜ್ಜ ಮರವನ್ನು ಗುರುತಿಸುತ್ತಿದ್ದುದು ಆಟಿಯಲ್ಲಲ್ಲ, ಬೊಂತೆಲಿನಲ್ಲಿ. ಗಂಧ ಬಂದ ದಿಕ್ಕಿಗೆ ಮರುದಿನ ಮಕ್ಕಳನ್ನು ಕರೆದೊಯ್ದು, "ಇದುವೇ ಪಾಲೆ, ನೆನಪಿಟ್ಟುಕೊಳ್ಳಿ" ಎನ್ನುತ್ತಿದ್ದರು. ಎಲೆಯೊಂದನ್ನು ಕಿತ್ತು ಒಸರುವ ಬಿಳಿಯ ಹಾಲನ್ನು ತೋರಿಸುತ್ತಿದ್ದರು. ಕಾಸರಕಕ್ಕೆ ಹಾಲಿಲ್ಲ, ಅದರ ಎಲೆಗಳು ಎರಡೆರಡಾಗಿ ಎದುರುಬದುರು. ಒಂದು ಋತುವಿನ ಗಂಧ ಒಂಬತ್ತು ತಿಂಗಳಾಚೆಯ ಕತ್ತಲೆಗೆ ದಾರಿ ತೋರಿಸುತ್ತಿತ್ತು. ಕಾಲವನ್ನು ದಾಟಿಸುವ ಮಾಯೆ ಇದಲ್ಲದೆ ಇನ್ನಾವುದು?

ಹೆಸರಿನಲ್ಲಿಯೂ ಕಾಲ ಅಡಗಿದೆ. ತುಳು, ಮಲಯಾಳಗಳು 'ಪ'ಕಾರವನ್ನು ಉಳಿಸಿಕೊಂಡು ಪಾಲೆ, ಪಾಲ ಎಂದವು. ಹಳಗನ್ನಡದ 'ಪಾಲ್' ಹೊಸಗನ್ನಡದಲ್ಲಿ 'ಹಾಲು' ಆದಂತೆ ಕನ್ನಡದಲ್ಲಿ ಇದು ಹಾಲೆಯಾಯಿತು. 1678ರಲ್ಲಿ ಆಮ್‌ಸ್ಟರ್‌ಡ್ಯಾಮಿನಲ್ಲಿ ಅಚ್ಚಾಗತೊಡಗಿದ 'ಹೋರ್ಟಸ್ ಮಲಬಾರಿಕಸ್' ಗ್ರಂಥದಲ್ಲಿಯೂ ಇದು 'ಪಾಲ'ವೇ. 1956ರ ನವೆಂಬರ್ 1ರಂದು ನಮ್ಮ ನಾಡು ಕೇರಳಕ್ಕೆ ಸೇರಿದುದೂ ಪಾಲೆ ಹೂಬಿಡುವ ದಿನಗಳಲ್ಲಿಯೇ. ಗಡಿಯ ಎರಡೂ ಬದಿಗಳಲ್ಲಿ ಮರ ಒಂದೇ, ಗಂಧವೂ ಒಂದೇ. ಮಕ್ಕಳ ಬಾಯಲ್ಲಿ ಹೆಸರುಗಳು ಮಾತ್ರ ಒಂದೊಂದಾಗಿ ಕಡಿಮೆಯಾಗುತ್ತಿವೆ. ಅಜ್ಜಿಯ ಪಾಲೆ ಯಾವುದು, ಪಾಠಪುಸ್ತಕದ ಸಪ್ತಪರ್ಣಿ ಯಾವುದು ಎಂದು ತಿಳಿಯದ ಮಗು ಮರದೆದುರು ನಿಂತೂ ಅದನ್ನು ಗುರುತಿಸಲಾರದು.

ದೆಹಲಿಯ ರಸ್ತೆಗಳ ಬದಿಯಲ್ಲಿ ಈ ಮರಗಳನ್ನು ಸಾಲಾಗಿ ನೆಟ್ಟಿದ್ದಾರೆ. ಅಲ್ಲಿ ಉದ್ಯೋಗದಲ್ಲಿರುವ ನನ್ನ ತಂಗಿಯ ಮಗಳು ಕಳೆದ ಅಕ್ಟೋಬರಿನಲ್ಲಿ ದೂರವಾಣಿಯಲ್ಲಿ, "ದೊಡ್ಡಮ್ಮಾ, ಬಸ್ಸಿನಿಂದ ಇಳಿದೊಡನೆ ಅಜ್ಜನ ಮನೆಯ ಜಗಲಿಯಲ್ಲಿ ಕುಳಿತ ಹಾಗಾಯಿತು" ಎಂದಳು. ವಿಜ್ಞಾನಿಗಳು ಇದಕ್ಕೆ ಕಾರಣ ಹೇಳುತ್ತಾರೆ: ಇತರ ಇಂದ್ರಿಯಗಳ ಸುದ್ದಿ ಮೆದುಳಿನಲ್ಲಿ ಒಂದು ಸುತ್ತುದಾರಿ ಹಿಡಿದರೆ, ಮೂಗಿನ ಸುದ್ದಿ ಭಾವನೆ ಮತ್ತು ನೆನಪುಗಳ ನೆಲೆಗೆ ಬಲು ಹತ್ತಿರದ ದಾರಿಯಿಂದ ತಲಪುತ್ತದೆ. ಆದರೆ ನೆನಪು ಮರಳಬೇಕಾದರೆ ಮೊದಲು ಅದು ಮನಸ್ಸಿನಲ್ಲಿ ಸೇರಿರಬೇಕು. ಅವಳಿಗೆ ಅದನ್ನು ತೋರಿಸಿಕೊಟ್ಟ ಅಜ್ಜನೊಬ್ಬನಿದ್ದನು.

ಆದುದರಿಂದ ಗಡಿನಾಡಿನ ತಾಯಂದಿರಲ್ಲಿ ನನ್ನದೊಂದು ವಿನಂತಿ. ಈ ಸಲ ತುಲಾ ಮಾಸದ ಇರುಳಿನಲ್ಲಿ ಗಂಧ ಬಂದಾಗ ಮಕ್ಕಳನ್ನು ಅಂಗಳಕ್ಕೆ ಕರೆಯಿರಿ. ಯಕ್ಷಿಯ ಕಥೆಯನ್ನೂ ಹೇಳಿರಿ, ಅವರು ಅಂಜಿದರೆ ಅಂಜಲಿ. ಬೆಳಗಾದ ಮೇಲೆ ಮರದ ಬುಡಕ್ಕೆ ಒಯ್ದು ಏಳು ಎಲೆಗಳನ್ನು ಎಣಿಸಿಸಿರಿ, ಹಾಲನ್ನು ತೋರಿಸಿರಿ, ಅದರ ಎಲ್ಲ ಹೆಸರುಗಳನ್ನೂ ಹೇಳಿಕೊಡಿರಿ. ಜೊತೆಗೆ ಕಾಸರಕವನ್ನೂ ತೋರಿಸಲು ಮರೆಯದಿರಿ.