ಮಾತೂ ಒಂದು ದ್ರವ್ಯ

ಊರಿನಿಂದ ಹೊರಡುವಾಗ ನಾವು "ಹೋಗುತ್ತೇನೆ" ಎನ್ನುವುದಿಲ್ಲ, "ಹೋಗಿ ಬರುತ್ತೇನೆ" ಎನ್ನುತ್ತೇವೆ. ಕುವೈತಿಗೆ ವಿಮಾನ ಹತ್ತುವ ದಿನವೂ ಅಷ್ಟೇ. ಬಾಯಿ ತಪ್ಪಿ ಅಶುಭ ಆಡಿದರೆ ಮನೆಯ ಹಿರಿಯರು "ಬಿಡ್ತು ಅನ್ನು" ಎಂದು ಗದರುತ್ತಾರೆ. ಅಸ್ತು ದೇವತೆಗಳು ಕೇಳಿಸಿಕೊಂಡು "ಹಾಗೇ ಆಗಲಿ" ಎಂದುಬಿಟ್ಟರೆ ಎಂಬ ಭಯ ಅವರಿಗೆ. 1990ರ ಸುಮಾರಿಗೆ ಮನೆ ಬಾಗಿಲುಗಳ ಮೇಲೆ "ನಾಳೆ ಬಾ" ಎಂದು ಬರೆದದ್ದು ನಮ್ಮ ವಯಸ್ಸಿನವರಿಗೆಲ್ಲ ನೆನಪಿದೆ. ರಾತ್ರಿ ದೆವ್ವವೊಂದು ಪರಿಚಿತರ ದನಿಯಲ್ಲಿ ಕರೆಯುತ್ತದೆ, ಓಗೊಟ್ಟರೆ ಪ್ರಾಣ ಹೋಗುತ್ತದೆ ಎಂದು ಆಗ ಹೇಳುತ್ತಿದ್ದರು. ಈ ಎಲ್ಲದರ ಹಿಂದೆ ಇರುವುದು ಒಂದೇ ನಂಬಿಕೆ: ಬಾಯಿಂದ ಹೊರಟ ಶಬ್ದ ಲೋಕದಲ್ಲಿ ಏನನ್ನೋ ಬದಲಾಯಿಸಿಯೇ ತೀರುತ್ತದೆ.

ನಮ್ಮ ಪೂರ್ವಿಕರು ಇದನ್ನು ನಂಬಿಕೆಗೆ ಮಾತ್ರ ಬಿಟ್ಟವರಲ್ಲ, ಶಾಸ್ತ್ರವಾಗಿಯೂ ಚರ್ಚಿಸಿದವರು. ಶಬ್ದವೆಂಬುದು ಆಕಾಶದ ಗುಣ ಎಂದರು ನ್ಯಾಯ ದರ್ಶನದವರು. ಅದೂ ಪುದ್ಗಲವೇ, ಅಂದರೆ ಜಡವಸ್ತುವಿನ ಒಂದು ರೂಪವೇ ಎಂದರು ಜೈನರು. 13ನೇ ಶತಮಾನದಲ್ಲಿ ಕನ್ನಡಕ್ಕೆ 'ಶಬ್ದಮಣಿದರ್ಪಣ'ವೆಂಬ ವ್ಯಾಕರಣ ಬರೆದ ಕೇಶಿರಾಜ ಈ ಜೈನ ಮತವನ್ನೇ ಹಿಡಿದ. ಜೀವದ ಇಚ್ಛೆಯಿಂದ, ಅನುಕೂಲವಾದ ಗಾಳಿಯ ಬಲದಿಂದ, ಹೊಕ್ಕುಳ ಬುಡದಲ್ಲಿ ಕಹಳೆಯ ಹಾಗೆ ಶಬ್ದದ್ರವ್ಯ ಹುಟ್ಟುತ್ತದೆ, ಅದರ ಬಣ್ಣ ಬಿಳಿ ಎಂದು ಹೇಳಿದ. ಶಾಲೆಯಲ್ಲಿ ಇದನ್ನು ಕೇಳಿದಾಗ ನಮಗೆ ನಗು ಬಂದಿತ್ತು. ಶಬ್ದಕ್ಕೆ ಬಣ್ಣವೇ? ಆದರೆ ಡಿಪ್ಲೊಮಾ ಮುಗಿಸಿ, ಆಸ್ಪತ್ರೆಯ ಔಷಧಾಲಯದ ಕಿಟಕಿಯ ಹಿಂದೆ ವರ್ಷಗಟ್ಟಲೆ ನಿಂತ ಮೇಲೆ 'ದ್ರವ್ಯ' ಎಂಬ ಆ ಪದ ನಮಗೆ ಬೇರೆಯೇ ಆಗಿ ಕೇಳಿಸುತ್ತದೆ. ದ್ರವ್ಯವನ್ನು ಅಳೆದು ಕೊಡುವುದೇ ನಮ್ಮ ಕಸುಬು.

ಕಿಟಕಿಯಲ್ಲಿ ಶಬ್ದ ಹೇಗೆ ಕೆಲಸ ಮಾಡುತ್ತದೆ ನೋಡಿ. ಅರಬ್ಬಿಯಲ್ಲಿ 'ಪ'ಕಾರವಿಲ್ಲ, ಹಾಗಾಗಿ ಪನಡೋಲ್ ಇಲ್ಲಿ 'ಬನಡೋಲ್' ಆಗುತ್ತದೆ. ಅದರಿಂದ ತೊಂದರೆಯಿಲ್ಲ. ಆದರೆ ಹೈಡ್ರಲಜೀನ್ ಎಂಬುದು ರಕ್ತದೊತ್ತಡ ಇಳಿಸುವ ಔಷಧ, ಹೈಡ್ರಾಕ್ಸಿಜೀನ್ ತುರಿಕೆಗೆ ಕೊಡುವ ಔಷಧ. ಫೋನಿನಲ್ಲಿ ಅವಸರದಿಂದ ಹೇಳಿದರೆ ಎರಡೂ ಒಂದೇ ಕೇಳಿಸುತ್ತವೆ. ಅದಕ್ಕೇ ನಾವು ಕೇಳಿದ ಹೆಸರನ್ನು ಹೇಳಿದವರಿಗೇ ತಿರುಗಿ ಓದಿ ಹೇಳುತ್ತೇವೆ. ಡಬ್ಬಿಯ ಮೇಲೆ ವ್ಯತ್ಯಾಸವಿರುವ ಅಕ್ಷರಗಳನ್ನು ದೊಡ್ಡದಾಗಿ ಅಚ್ಚು ಹಾಕಿಸುತ್ತೇವೆ.

ಇನ್ನು ಊಟಕ್ಕೆ ಮೊದಲೋ, ನಂತರವೋ ಎಂಬ ಪ್ರಶ್ನೆ. ಅರಬ್ಬಿಯ 'ಬಾದ್' ಹಿಂದಿಯಲ್ಲೂ ಇರುವುದರಿಂದ ನಮ್ಮವರಿಗೆ ತಿಳಿಯುತ್ತದೆ, 'ಕಬ್ಲ್' ತಿಳಿಯುವುದಿಲ್ಲ. ಥೈರಾಯ್ಡ್ ಮಾತ್ರೆಯನ್ನು ಖಾಲಿ ಹೊಟ್ಟೆಗೆ ತೆಗೆದುಕೊಳ್ಳಬೇಕು. ಸಕ್ಕರೆ ಕಾಯಿಲೆಯ ಮೆಟ್‌ಫಾರ್ಮಿನ್ ಊಟದ ಜೊತೆ ತೆಗೆದುಕೊಂಡರೆ ಹೊಟ್ಟೆ ಕೆಡುವುದು ಕಡಿಮೆ. ಆ ಒಂದು ಪದ ತಿಳಿಯದಿದ್ದರೂ ನಮ್ಮವರು ಸಂಕೋಚದಿಂದ ತಲೆಯಾಡಿಸಿ ಚೀಲ ಹಿಡಿದು ಹೊರಟುಬಿಡುತ್ತಾರೆ.

ಇದಕ್ಕಿಂತ ಆಳದ ವಿಷಯ ಇನ್ನೊಂದಿದೆ. ಅಬ್ಬಾಸಿಯಾದ ಕೋಣೆಯಲ್ಲೋ ಮಹಬೂಲಾದ ಕ್ಯಾಂಪಿನಲ್ಲೋ ಪಕ್ಕದ ಮಂಚದವರು "ಈ ಕೊಲೆಸ್ಟರಾಲ್ ಮಾತ್ರೆ ತಿಂದರೆ ಮೈಕೈ ಬಿದ್ದುಹೋಗುತ್ತದೆ" ಎನ್ನುತ್ತಾರೆ. ಮರುದಿನದಿಂದಲೇ ಮೈಕೈ ನೋವು ಶುರು. ಮಾತ್ರೆ ಕಸದ ಬುಟ್ಟಿಗೆ. ಇದನ್ನು ಬರೀ ಭ್ರಮೆ ಎನ್ನಬೇಡಿ, ಆ ನೋವು ನಿಜ. ಲಂಡನ್ನಿನ ಇಂಪೀರಿಯಲ್ ಕಾಲೇಜಿನವರು ಇದನ್ನು ಪರೀಕ್ಷಿಸಿ 2020ರಲ್ಲಿ ಫಲಿತಾಂಶ ಪ್ರಕಟಿಸಿದರು. ತೊಂದರೆ ಕೊಡುತ್ತದೆಂದು ಸ್ಟ್ಯಾಟಿನ್ ಬಿಟ್ಟಿದ್ದ 60 ಜನರಿಗೆ ತಲಾ 12 ಬಾಟಲಿ ಕೊಟ್ಟರು: 4ರಲ್ಲಿ ಸ್ಟ್ಯಾಟಿನ್, 4ರಲ್ಲಿ ಔಷಧವೇ ಇಲ್ಲದ ಹುಸಿ ಮಾತ್ರೆ, 4 ಖಾಲಿ. ತಿಂಗಳಿಗೊಂದು ಬಾಟಲಿ, ಮಾತ್ರೆ ಇದ್ದ ತಿಂಗಳಲ್ಲಿ ಅದು ಅಸಲಿಯೋ ಹುಸಿಯೋ ಅವರಿಗೆ ತಿಳಿಯದು. ಮಾತ್ರೆ ಇಲ್ಲದ ತಿಂಗಳುಗಳಿಗಿಂತ ಸ್ಟ್ಯಾಟಿನ್ ತಿಂಗಳುಗಳಲ್ಲಿ ಎಷ್ಟು ತೊಂದರೆ ಹೆಚ್ಚಿತೋ ಅದರ ಶೇ. 90ರಷ್ಟು ಹುಸಿ ಮಾತ್ರೆಯಲ್ಲೂ ಕಾಣಿಸಿತು. ತಮ್ಮದೇ ಲೆಕ್ಕವನ್ನು ನೋಡಿದ ಮೇಲೆ ಅವರಲ್ಲಿ ಅರ್ಧದಷ್ಟು ಜನ ಮತ್ತೆ ಸ್ಟ್ಯಾಟಿನ್ ಶುರು ಮಾಡಿದರು. ಕೆಟ್ಟದ್ದಾಗುತ್ತದೆ ಎಂಬ ನಿರೀಕ್ಷೆಯೇ ಕೆಡುಕನ್ನು ತರುವ ಇದಕ್ಕೆ ವೈದ್ಯಕೀಯದಲ್ಲಿ ನೊಸೀಬೊ ಎಂದು ಹೆಸರು. ನಮ್ಮ ಹಳ್ಳಿಯಲ್ಲಿ ಇದನ್ನೇ "ಬಿಡ್ತು ಅನ್ನು" ಎಂಬ ಗದರಿಕೆಯಿಂದ ತಡೆಯುತ್ತಿದ್ದರೇನೋ.

ಇಲ್ಲಿ ನಮ್ಮ ಧರ್ಮಸಂಕಟವೂ ಇದೆ. ಅಡ್ಡಪರಿಣಾಮ ಹೇಳಿದರೆ ಹೆದರಿಕೆ, ಹೇಳದಿದ್ದರೆ ದ್ರೋಹ. ಸ್ಟ್ಯಾಟಿನ್‌ನಿಂದ ನಿಜವಾಗಿಯೂ ಸ್ನಾಯುಗಳಿಗೆ ಹಾನಿಯಾಗುವುದುಂಟು, ಅಪರೂಪಕ್ಕೆ. ಆದ್ದರಿಂದ ಮಾತನ್ನೂ ಅಳೆದು ಕೊಡುತ್ತೇವೆ: "ಬಹಳ ಜನರಿಗೆ ಏನೂ ಆಗುವುದಿಲ್ಲ. ತೀವ್ರ ಸ್ನಾಯು ನೋವು ಬಂದರೆ, ಮೂತ್ರ ಕಂದಾದರೆ ತಕ್ಷಣ ವೈದ್ಯರ ಬಳಿ ಬನ್ನಿ."

ಓದುಗ ಬಂಧುಗಳಲ್ಲಿ ನಮ್ಮ ವಿನಂತಿ ಇಷ್ಟೇ. ಮುಂದಿನ ಸಲ ಔಷಧ ತೆಗೆದುಕೊಳ್ಳುವಾಗ ಬರೀ ತಲೆಯಾಡಿಸಬೇಡಿ. ಎಷ್ಟು, ಯಾವಾಗ, ಏಕೆ ಎಂಬುದನ್ನು ನಿಮಗೆ ಬರುವ ಭಾಷೆಯಲ್ಲಿ ತಿರುಗಿ ಹೇಳಿ, ನಮ್ಮ ಮುಂದೆಯೇ ಹೇಳಿ. ಹಿಂದೆ ಸಾಲು ಎಷ್ಟೇ ಉದ್ದವಿರಲಿ, ಅರ್ಧ ನಿಮಿಷ ನಿಮ್ಮದು. ಕೋಣೆಯವರ ಮಾತು ಕೇಳಿ ಹೆದರಿಕೆಯಾದರೆ ಮಾತ್ರೆ ಎಸೆಯುವ ಮೊದಲು ಬಂದು ಕೇಳಿ. ಕೋಣೆಯಲ್ಲಿ ಹೊಸಬರು ಮೊದಲ ಬಾರಿಗೆ ಬಿಪಿಯ ಚೀಟಿ ಹಿಡಿದು ಬಂದ ರಾತ್ರಿ, ಅವರ ಕಿವಿಗೆ ಏನು ಹಾಕುತ್ತೀರಿ ಎಂಬುದನ್ನೂ ಯೋಚಿಸಿ. ಅದೂ ಅವರ ರಕ್ತಕ್ಕೆ ಸೇರುತ್ತದೆ.