ಬಣ್ಣದ ನೆರಳು ಬೀಳುತ್ತಿದ್ದ ರಾತ್ರಿಗಳು

ಮಳೆ ಕೈಕೊಟ್ಟ ವರ್ಷ ನಮ್ಮ ಸೀಮೆಯ ಹಿರಿಯರು ಎರಡರಲ್ಲಿ ಒಂದನ್ನು ಮಾಡಿಸುತ್ತಿದ್ದರು. ಗುಡಿಯಲ್ಲಿ ವಿರಾಟಪರ್ವ ಓದಿಸುವುದು, ಇಲ್ಲವೇ ಊರ ಮುಂದೆ ತೊಗಲು ಗೊಂಬೆ ಆಡಿಸುವುದು. ಮಧುಗಿರಿ, ಶಿರಾ, ಕೊರಟಗೆರೆ, ಪಾವಗಡ ಮೊದಲಿನಿಂದಲೂ ಮುಗಿಲು ನೋಡಿ ಬದುಕಿದ ನಾಡು. ಕಡಲೆಕಾಯಿ ಬಿತ್ತಿ ಆಕಾಶ ನೋಡುತ್ತಾ ಕೂತ ದಿನಗಳಲ್ಲಿ ಗೊಂಬೆ ಪೆಟ್ಟಿಗೆ ಹೊತ್ತ ಕಿಳ್ಳೇಕ್ಯಾತರ ಸಂಸಾರ ಊರಿಗೆ ಬಂತೆಂದರೆ, ಹುಡುಗರಾದ ನಮಗೆ ಮಳೆ ಬಂದಷ್ಟೇ ಸಡಗರ.

ಹಗಲು ಅವರು ಕೆರೆಯಲ್ಲಿ ಮೀನು ಹಿಡಿಯುವವರು. ತಮ್ಮತಮ್ಮಲ್ಲಿ ಮರಾಠಿ ಹೋಲುವ ಮಾತು, ನಮ್ಮೊಡನೆ ಕನ್ನಡ, ಪಾವಗಡ ದಾಟಿದರೆ ತೆಲುಗು. ಹೊತ್ತು ಮುಳುಗಿದ ಮೇಲೆ ಮಾತ್ರ ಅವರೇ ಬೇರೆ. ಗಳ ನೆಟ್ಟು, ಸುತ್ತ ಕಂಬಳಿ ಕಟ್ಟಿ, ಮುಂದೆ ಬಿಳಿ ಪಂಚೆ ಬಿಗಿದು, ಒಳಗೊಂದು ಹರಳೆಣ್ಣೆ ದೀಪ ತೂಗುಬಿಟ್ಟರೆ ಅಯೋಧ್ಯೆಯೂ ಸಿದ್ಧ, ಲಂಕೆಯೂ ಸಿದ್ಧ.

ನೆರಳೆಂದರೆ ಕಪ್ಪು ಎಂದೇ ತಿಳಿದಿದ್ದ ನಮಗೆ ಕೆಂಪು, ಹಸಿರು ನೆರಳು ತೋರಿಸಿದವರು ಅವರು. ಮೇಕೆಯ ತೊಗಲಿನ ಕೂದಲು ತೆಗೆದು, ದೀಪ ಹಿಡಿದರೆ ಆಚೆ ಬೆಳಕು ಕಾಣುವಷ್ಟು ತೆಳ್ಳಗೆ ಹೆರೆದು, ಎಳೆದು ಒಣಗಿಸಿ, ಅದರ ಮೇಲೆ ಚಿತ್ರ ಬರೆದು ಬಣ್ಣ ಹಚ್ಚುತ್ತಿದ್ದರು. ಆಮೇಲೆ ಸಣ್ಣ ಉಳಿಯಿಂದ ತೂತು ಕೊರೆಯುವ ಕೆಲಸ. ಕಿರೀಟಕ್ಕೆ ಮುತ್ತಿನ ಸಾಲು, ಸೀತೆಯ ಸೆರಗಿಗೆ ಹೂವು, ರಾವಣನ ಕೊರಳಿಗೆ ಹಾರ, ಎಲ್ಲವೂ ತೂತೇ. ದೀಪದ ಕುಡಿ ಅಲುಗಿದಾಗ ಆ ತೂತುಗಳಿಂದ ಬೆಳಕು ಚಿಮ್ಮಿ ಒಡವೆ ಥಳಥಳ ಹೊಳೆಯುತ್ತಿತ್ತು. ರಾಮನಿಗೆ ಚಿನ್ನ ತೊಡಿಸಲು ಅವರಿಗೆ ಚಿನ್ನವೇ ಬೇಕಿರಲಿಲ್ಲ.

ಗೊಂಬೆಯನ್ನು ಪರದೆಗೆ ಒತ್ತಿ ಹಿಡಿದರೆ ಗೆರೆಗೆರೆಯೂ ಸ್ಪಷ್ಟ. ಮೆಲ್ಲಗೆ ದೀಪದ ಕಡೆ ಎಳೆದುಕೊಂಡರೆ ಅದು ದೊಡ್ಡದಾಗುತ್ತಾ, ಮಸುಕಾಗುತ್ತಾ, ಇಡೀ ಪಂಚೆಯನ್ನೇ ನುಂಗುತ್ತಿತ್ತು. ಹನುಮಂತ ಬೆಳೆದದ್ದು ಹಾಗೆ. ನಾವು ಹಿಂದೆ ನುಸುಳಿ ಕಂಬಳಿ ಸರಿಸಿ ನೋಡಿದರೆ, ಅಲ್ಲಿ ಬೆವರು ಸುರಿಸುತ್ತಾ ಕೂತ ಒಬ್ಬ ತಾತ, ಪಕ್ಕದಲ್ಲಿ ಪದ ಹೇಳುತ್ತಲೇ ಮುಂದಿನ ಗೊಂಬೆ ಕೈಗೆ ಕೊಡುವ ಹೆಂಡತಿ, ಮದ್ದಳೆ ಬಾರಿಸುವ ಮಗ. ನಡುನಡುವೆ ನಗೆಗೊಂಬೆಗಳಾದ ಡೊಳ್ಳುಹೊಟ್ಟೆಯ ಕಿಳ್ಳೇಕ್ಯಾತನೂ ಬಂಗಾರಕ್ಕನೂ ಪರದೆಗೆ ಬಂದು ಗೌಡನನ್ನೂ ಬಿಡದೆ, ಶಾನುಭೋಗನನ್ನೂ ಬಿಡದೆ ಆಡಿಕೊಳ್ಳುತ್ತಿದ್ದರು. ಅವರ ಪೋಲಿ ಮಾತಿಗೆ ಹೆಂಗಸರು ಸೆರಗು ಬಾಯಿಗಿಟ್ಟು ನಗುತ್ತಿದ್ದರು. ಹಗಲಲ್ಲಿ ಬಾಯಿಬಿಟ್ಟರೆ ಬೈಗುಳ ತಿನ್ನಬೇಕಿದ್ದ ಮಾತನ್ನೆಲ್ಲ ಆ ಒಂದು ರಾತ್ರಿ ನೆರಳು ಆಡಿಬಿಡುತ್ತಿತ್ತು.

ಬೆಳಗ್ಗೆ ನಾವು ಕೊಟ್ಟದ್ದೇನು? ಮೊರದಷ್ಟು ರಾಗಿ, ಹಳೆ ಸೀರೆ. ರಾತ್ರಿಯೆಲ್ಲ ರಾಮನನ್ನು ತೋರಿಸಿದ ತಾತ ಹಗಲು ಜಗಲಿ ಹತ್ತುವಂತಿರಲಿಲ್ಲ. ಆ ಕಾಲವನ್ನು ಹೊಗಳುವಾಗ ಇದನ್ನೂ ಮರೆಯಬಾರದು. ಅವರ ಮೊಮ್ಮಕ್ಕಳು ಪೆಟ್ಟಿಗೆ ಇಳಿಸಿ ಶಾಲೆಗೆ ಹೋದರೆಂದರೆ ಅದು ಒಳ್ಳೆಯದೇ.

ಕರೆಂಟು ಬಂತು. ಬುಡ್ಡಿದೀಪದ ಹೊಗೆ ಕುಡಿದ ನಮ್ಮ ಅವ್ವಂದಿರು ಸ್ವಿಚ್ಚಿಗೆ ಕೈಮುಗಿದರು. ಹರಳೆಣ್ಣೆ ದೀಪದ ಜಾಗಕ್ಕೆ ಗ್ಯಾಸ್‌ಲೈಟು ಬಂತು, ಅದರ ಹಿಂದೆಯೇ ಬಲ್ಬೂ ಬಂತು. ಪರದೆ ಬೆಳ್ಳಗೆ ಬೆಳಗಿತು, ಆದರೆ ಬಲ್ಬು ಅಲುಗದು. ಕುಡಿಯ ಜೊತೆ ಉಸಿರಾಡುತ್ತಿದ್ದ ಗೊಂಬೆ ಬಲ್ಬಿನ ಮುಂದೆ ಬರೀ ತೊಗಲಾಯಿತು. ೧೯೮೭ರಲ್ಲಿ ಭಾನುವಾರ ಬೆಳಗ್ಗೆ ದೂರದರ್ಶನದಲ್ಲಿ ರಾಮಾಯಣ ಶುರುವಾಯಿತು. ರಾಮನೇ ಪೆಟ್ಟಿಗೆಯೊಳಗೆ ಬಂದು ಕೂತ ಮೇಲೆ ಊರ ಮುಂದೆ ಪಂಚೆ ಕಟ್ಟುವವರನ್ನು ಕೇಳುವವರು ಯಾರು?

ಈಗ ಪಾವಗಡದ ತಿರುಮಣಿ, ವಳ್ಳೂರು, ಬಳಸಮುದ್ರದ ಕಡೆ ಹೋಗಿ ನೋಡಿ. ೧೩,೦೦೦ ಎಕರೆಯಲ್ಲಿ ನೀಲಿ ಫಲಕಗಳು ಬಿಸಿಲು ಕುಡಿಯುತ್ತಿವೆ. ೨೦೧೮ರಲ್ಲಿ ಉದ್ಘಾಟನೆಯಾದ ಸೌರ ಪಾರ್ಕು ಇಂದು ೨,೦೫೦ ಮೆಗಾವಾಟ್‌ ಸಾಮರ್ಥ್ಯದ್ದು. ಬರ ಉಂಡ ನೆಲಕ್ಕೆ ಎಕರೆಗೆ ವರ್ಷಕ್ಕೆ ೨೧,೦೦೦ ರೂಪಾಯಿ ಗುತ್ತಿಗೆ ಎಂದು ಶುರುವಾದಾಗ ರೈತರು ಬೇಡವೆನ್ನುವುದಾದರೂ ಹೇಗೆ? ನಾಡಿಗೆಲ್ಲ ಬೆಳಕು ಮಾರುವ ತಾಲ್ಲೂಕಾಯಿತು ನಮ್ಮದು. ಒಂದು ಬಟ್ಟಲು ಎಣ್ಣೆಯಲ್ಲಿ ಲಂಕೆಯನ್ನೇ ಸುಟ್ಟು ತೋರಿಸುತ್ತಿದ್ದವರು ಮಾತ್ರ ಇಲ್ಲಿ ಕಾಣುವುದಿಲ್ಲ.

ಗಡಿಯಾಚೆ ಧರ್ಮಾವರದ ಹತ್ತಿರ ನಿಮ್ಮಲಕುಂಟ ಎಂಬ ಊರಿದೆ. ತೊಗಲಿನ ಕಸುಬು ಅಲ್ಲಿ ಇನ್ನೂ ಉಸಿರು ಹಿಡಿದಿದೆ. ಅಲ್ಲಿನ ದಳವಾಯಿ ಚಲಪತಿ ರಾವ್ ಅವರಿಗೆ ೨೦೨೦ರಲ್ಲಿ ಪದ್ಮಶ್ರೀ ಬಂತು. ಆದರೆ ಅಲ್ಲಿ ಹೆಚ್ಚು ಮಾರಾಟವಾಗುವುದು ದೀಪದ ಬುರುಡೆಗೆ ಹಾಕುವ ತೊಗಲಿನ ಮುಸುಕು. ಪಟ್ಟಣದ ಹಜಾರಗಳಲ್ಲಿ ಅದೇ ತೊಗಲು, ಅದೇ ತೂತು, ಒಳಗೆ ಅದೇ ಬೆಳಕು. ಕತೆಯೊಂದೇ ಇಲ್ಲ. ನಮ್ಮ ಕಡೆಯೂ ಎಂ.ಎಸ್. ನಂಜುಂಡರಾಯರಂಥವರು ಊರೂರು ಅಲೆದು ಗೊಂಬೆ ಕೂಡಿಹಾಕದಿದ್ದರೆ ಬೆಂಗಳೂರಿನ ಚಿತ್ರಕಲಾ ಪರಿಷತ್ತಿನ ಗಾಜಿನ ಹಿಂದೆ ಕೂಡ ಅವು ಉಳಿಯುತ್ತಿರಲಿಲ್ಲ. ಸವೆದ ಗೊಂಬೆಯನ್ನು ಹೊಳೆಗೆ ಬಿಡುವುದು ಕಿಳ್ಳೇಕ್ಯಾತರ ಪದ್ಧತಿ. ಎಷ್ಟು ರಾಮರು, ಎಷ್ಟು ಸೀತೆಯರು ಹಾಗೆ ನೀರುಪಾಲಾದರೋ! ತೊಗಲು ಗೊಂಬೆ ಆಡಿಸುವ ಕೊಪ್ಪಳ ಜಿಲ್ಲೆ ಮೋರನಾಳದ ಭೀಮವ್ವ ಶಿಳ್ಳೇಕ್ಯಾತರ ಅವರಿಗೆ ೨೦೨೫ರಲ್ಲಿ ಪದ್ಮಶ್ರೀ ಬಂದಾಗ ಅವರ ವಯಸ್ಸು ತೊಂಬತ್ತು ದಾಟಿತ್ತು. ನಮ್ಮ ಮೆಚ್ಚುಗೆ ಬಂದು ತಲುಪುವುದು ಅಷ್ಟು ತಡವಾಗಿ.

ಬೆಳಕು ಬೇಡವೆಂದು ಯಾರೂ ಅನ್ನುವುದಿಲ್ಲ. ಆದರೆ ಆ ಆಟಕ್ಕೆ ಎಣ್ಣೆಯಷ್ಟೇ ಕತ್ತಲೆಯೂ ಬೇಕಿತ್ತು. ನಾವು ಕತ್ತಲನ್ನು ಒಂದಿಷ್ಟೂ ಉಳಿಸಿಕೊಳ್ಳಲಿಲ್ಲ. ಜಾತ್ರೆಗೆ ಆರ್ಕೆಸ್ಟ್ರಾ ಕರೆಸಲು ಲಕ್ಷ ಎತ್ತುವ ಊರಿನ ಹಿರಿಯರಲ್ಲಿ ನನ್ನದೊಂದು ಕೋರಿಕೆ: ಈ ಸಲ ಒಂದು ರಾತ್ರಿ ಗೊಂಬೆಯವರನ್ನು ಕರೆಸಿ. ಹರಳೆಣ್ಣೆ ದೀಪವನ್ನೇ ಹಚ್ಚಲು ಹೇಳಿ. ಲೈನ್‌ಮನ್‌ಗೆ ಮೊದಲೇ ತಿಳಿಸಿ ಬೀದಿದೀಪ ಆರಿಸಿ. ಹುಡುಗರ ಕೈಯ ಮೊಬೈಲನ್ನು ಮನೆಯಲ್ಲೇ ಇಡಿಸಿ. ಗೊಂಬೆಯವರನ್ನು ಜಗಲಿಯ ಮೇಲೆ ಕೂರಿಸಿ ಊಟ ಹಾಕಿ, ಕೈತುಂಬ ಕೂಲಿ ಕೊಟ್ಟು ಕಳಿಸಿ.